ಗೆಲುವಿಗೆ ಆಶೀರ್ವಾದ ಬೇಡಬಹುದೇ?



ಗುರುವಿನ ಬಳಿಗೆ ಬರುವವರು ಹಣ್ಣುಹೂವುಗಳೊಡನೆ ಒಂದು ಬಯಕೆಯನ್ನೂ ಹೊತ್ತು ತರುತ್ತಾರೆ. ರೋಗ ಗುಣವಾಗಲಿ, ಮಳೆಬೆಳೆ ಚೆನ್ನಾಗಿ ಆಗಲಿ, ಮನೆಯಲ್ಲಿ ನೆಮ್ಮದಿ ನೆಲೆಸಲಿ ಎಂದು ಬೇಡುವವರಿಗೆ 'ಹಾಗೆಯೇ ಆಗಲಿ' ಎನ್ನಲು ಯಾವ ಗುರುವೂ ಹಿಂಜರಿಯಲಾರನು. ಒಬ್ಬನ ರೋಗ ಗುಣವಾದುದರಿಂದ ಇನ್ನೊಬ್ಬನು ರೋಗಿಯಾಗುವುದಿಲ್ಲ. ಒಬ್ಬನ ಹೊಲ ತುಂಬಿ ಬೆಳೆದರೆ ನೆರೆಯವನ ಹೊಲ ಒಣಗಬೇಕಾಗಿಲ್ಲ. ಆದರೆ ಒಬ್ಬನಿಗೆ ದೊರೆತರೆ ಇನ್ನೊಬ್ಬನಿಗೆ ತಪ್ಪಲೇಬೇಕಾದಂಥದನ್ನು ಬೇಡಿಕೊಂಡು ಬಂದರೆ ಗುರುವಾದವನು ಏನೆನ್ನಬೇಕು? ಈ ಪ್ರಶ್ನೆಯನ್ನು ನಮಗೆ ಒಡ್ಡಿದವಳು ಹನ್ನೆರಡು ವರ್ಷದ ಒಬ್ಬ ಬಾಲಿಕೆ.

ಹೋದ ಮಾಘಮಾಸದಲ್ಲಿ ಕುಮಟಾದಲ್ಲಿ ಮೂರು ದಿನಗಳ ಪ್ರವಚನವಿತ್ತು. ನಮ್ಮ ಮಠದ ಪ್ರಸಾದನಿಲಯದಲ್ಲಿ ಓದಿ ಇಂದು ಕರಾವಳಿಯ ಊರುಗಳಲ್ಲಿ ನೌಕರಿಯಲ್ಲಿರುವ ಹಳೆಯ ವಿದ್ಯಾರ್ಥಿಗಳು ಕೂಡಿ ಅದನ್ನು ಏರ್ಪಡಿಸಿದ್ದರು. ಎರಡನೆಯ ದಿನ ಸಂಜೆ ಅವರಲ್ಲೊಬ್ಬರು, ಪ್ರೌಢಶಾಲೆಯ ಅಧ್ಯಾಪಕರು, ತಮ್ಮ ಮಗನನ್ನು ಮುಂದೆ ನಿಲ್ಲಿಸಿ, "ಅಜ್ಜಾವರೇ, ನಾಡಿದ್ದು ಹೊನ್ನಾವರದಲ್ಲಿ ಮಕ್ಕಳ ಚದುರಂಗದ ಸ್ಪರ್ಧೆಯಿದೆ. ಇವನು ಗೆಲ್ಲುವ ಹಾಗೆ ಆಶೀರ್ವಾದ ಮಾಡಬೇಕು. ಇವನನ್ನು ಗುಕೇಶನಂತೆ ಬೆಳೆಸಬೇಕೆಂದು ನನ್ನ ಆಸೆ" ಎಂದರು. ನಾವು ಹುಡುಗನ ತಲೆಯ ಮೇಲೆ ಕೈಯಿರಿಸಿ "ಜಯವಾಗಲಿ" ಎಂದೆವು. ಅರ್ಧ ಗಂಟೆ ಕಳೆದಿರಲಿಲ್ಲ. ಪ್ರವಚನಕ್ಕೆಂದು ಭಟ್ಕಳದಿಂದ ಬಂದಿದ್ದ ತಾಯಿಯೊಬ್ಬರು ತಮ್ಮ ಮಗಳನ್ನು ಕರೆತಂದರು. ಅದೇ ಸ್ಪರ್ಧೆ, ಅದೇ ಬೇಡಿಕೆ. ನಾವು ಕೈಯೆತ್ತುವ ಮೊದಲೇ ಆ ಹುಡುಗಿ, "ಸ್ವಾಮೀಜಿ, ಈಗಷ್ಟೇ ಆ ಹುಡುಗನಿಗೆ ಜಯವಾಗಲಿ ಅಂದಿರಲ್ಲ; ನಾವಿಬ್ಬರೇ ಎದುರಾದರೆ?" ಎಂದು ಕೇಳಿದಳು. ತಾಯಿ ಗದರಿಸಿದರು, ಸುತ್ತಲಿದ್ದವರು ನಕ್ಕರು, ನಾವೂ ನಕ್ಕೆವು. ಆದರೆ ಅವಳ ಕೈಗೆ ಒಂದು ಹಣ್ಣನ್ನು ಇತ್ತೆವೇ ಹೊರತು ಬಾಯಿಂದ ಮಾತು ಹೊರಡಲಿಲ್ಲ. ಆ ರಾತ್ರಿ ಬಹಳ ಹೊತ್ತು ನಿದ್ರೆಯೂ ಬರಲಿಲ್ಲ.

ಇದು ಮಕ್ಕಳ ಮಾತೆಂದು ತಳ್ಳಿಹಾಕುವಂತಿಲ್ಲ. 2025ರ ಜುಲೈ ತಿಂಗಳಲ್ಲಿ ಜಾರ್ಜಿಯಾ ದೇಶದ ಬಟೂಮಿ ನಗರದಲ್ಲಿ ಮಹಿಳೆಯರ ಚದುರಂಗ ವಿಶ್ವಕಪ್ಪಿನ ಅಂತಿಮ ಪಂದ್ಯ ನಡೆಯಿತು. ಒಂದು ಕಡೆ ಮೂವತ್ತೆಂಟರ ಕೋನೇರು ಹಂಪಿ. ಹದಿನೈದರ ವಯಸ್ಸಿನಲ್ಲೇ ಗ್ರ್ಯಾಂಡ್‌ಮಾಸ್ಟರ್ ಪದವಿ ಪಡೆದವರು, ಒಂದು ಮಗುವಿನ ತಾಯಿ, ಎರಡು ಬಾರಿ ಶೀಘ್ರ ಚದುರಂಗದ ವಿಶ್ವವಿಜೇತೆ. ಇನ್ನೊಂದು ಕಡೆ ಹತ್ತೊಂಬತ್ತರ ದಿವ್ಯಾ ದೇಶಮುಖ. ಇಬ್ಬರೂ ಭಾರತೀಯರು. ಭಾರತ ಗೆಲ್ಲಲಿ ಎಂದು ಅಂದು ಪ್ರಾರ್ಥಿಸಿದವನ ಪ್ರಾರ್ಥನೆಗೆ ಏನರ್ಥ? ದಿವ್ಯಾ ಗೆದ್ದು ತಾಯಿಯನ್ನು ತಬ್ಬಿಕೊಂಡು ಅತ್ತಳು. ಆ ಕಣ್ಣೀರು ನಮಗೆ ಸಂತೋಷವನ್ನು ತಂದುದು ನಿಜ. ಆದರೆ ಅದೇ ಹಲಗೆಯ ಮತ್ತೊಂದು ಬದಿಯಿಂದ ಇನ್ನೊಬ್ಬರು ಮೌನವಾಗಿ ಎದ್ದುಹೋಗಬೇಕಾಯಿತೆಂಬುದೂ ಅಷ್ಟೇ ನಿಜ.

ಇಂತಹ ಪ್ರಶ್ನೆಗೆ ಎಲ್ಲ ಆಟಗಳಿಗಿಂತ ಚದುರಂಗವೇ ತಕ್ಕ ಒರೆಗಲ್ಲು. ಪಗಡೆಯಲ್ಲಿ ದಾಳವಿದೆ. ಧರ್ಮರಾಯನು ಸೋತಾಗ ಶಕುನಿಯ ದಾಳವನ್ನು ದೂರಬಹುದಾಗಿತ್ತು. ನಾವೂ ಇಂದಿನವರೆಗೆ ಅದನ್ನೇ ದೂರುತ್ತ ಬಂದಿದ್ದೇವೆ. ಚದುರಂಗದಲ್ಲಿ ದಾಳವಿಲ್ಲ, ಗಾಳಿಮಳೆಯಿಲ್ಲ. ಮೊದಲ ನಡೆಯ ಹಕ್ಕೊಂದನ್ನು ಬಿಟ್ಟರೆ ಇಬ್ಬರಿಗೂ ಸಮಬಲ: ಹದಿನಾರು ಹದಿನಾರು ಕಾಯಿಗಳು, ಒಂದೇ ಅರುವತ್ತನಾಲ್ಕು ಮನೆಗಳ ಹಲಗೆ. ಮುಚ್ಚಿಟ್ಟ ಎಲೆ ಯಾವುದೂ ಇಲ್ಲ. ಅಷ್ಟೇ ಅಲ್ಲ, ಸ್ಪರ್ಧೆಯಲ್ಲಿ ಆಡುವವನು ಪ್ರತಿಯೊಂದು ನಡೆಯನ್ನೂ ತನ್ನ ಕೈಯಿಂದಲೇ ಹಾಳೆಯ ಮೇಲೆ ಬರೆದಿಡಬೇಕು. ಸೋತವನ ತಪ್ಪಿಗೆ ಸೋತವನ ಅಕ್ಷರವೇ ಸಾಕ್ಷಿ. ಬಲ್ಲ ಆಟಗಾರರು ರಾಜನು ಕಟ್ಟಿಬೀಳುವ ತನಕ ಕಾಯುವುದೂ ಅಪರೂಪ. ಸೋಲು ಕಂಡ ಕೂಡಲೆ ತಾವೇ ಕೈ ನೀಡಿ 'ಸೋತೆ' ಎಂದು ಒಪ್ಪಿಕೊಳ್ಳುತ್ತಾರೆ. ಆದುದರಿಂದ ಈ ಆಟದ ಮಹಾಪುರುಷರ ಚರಿತ್ರೆಯೆಂದರೆ ಬರಿಯ ಗೆಲುವುಗಳ ಪಟ್ಟಿಯಲ್ಲ. 'ಇದು ನನ್ನದೇ ತಪ್ಪು' ಎನ್ನಲು ಮನುಷ್ಯನು ಕಲಿತ, ಅಥವಾ ಕಲಿಯದೆ ಹೋದ ಚರಿತ್ರೆಯೂ ಹೌದು. ಅದರಿಂದ ಕೆಲವು ನಿದರ್ಶನಗಳನ್ನು ನಿಮ್ಮ ಮುಂದಿರಿಸುತ್ತೇವೆ.

1972ರಲ್ಲಿ ಐಸ್‌ಲ್ಯಾಂಡಿನ ರೇಕ್ಯಾವಿಕ್ ನಗರದಲ್ಲಿ ಸೋವಿಯೆತ್ ದೇಶದ ಬೋರಿಸ್ ಸ್ಪಾಸ್ಕಿಯವರಿಗೂ ಅಮೆರಿಕೆಯ ಬಾಬಿ ಫಿಷರ್ ಅವರಿಗೂ ವಿಶ್ವಪ್ರಶಸ್ತಿಗಾಗಿ ಸ್ಪರ್ಧೆ ನಡೆಯಿತು. ಫಿಷರ್ ಮೊದಲ ಆಟದಲ್ಲಿ ಸೋತರು. ಎರಡನೆಯದಕ್ಕೆ ಬರಲೇ ಇಲ್ಲ. ಸ್ಪಾಸ್ಕಿ ಮನಸ್ಸು ಮಾಡಿದ್ದರೆ ಪ್ರಶಸ್ತಿಯನ್ನು ಉಳಿಸಿಕೊಂಡು ಮನೆಗೆ ಮರಳಬಹುದಾಗಿತ್ತು. ಆದರೆ ಎದುರಾಳಿಯ ಹಟಕ್ಕೆ ಒಪ್ಪಿ, ಮೂರನೆಯ ಆಟವನ್ನು ಸಭಿಕರಿಂದ ದೂರದ ಕೋಣೆಯೊಂದರಲ್ಲಿ ಆಡಿದರು, ಸೋತರು. ಆರನೆಯ ಆಟದಲ್ಲಿ ಫಿಷರ್ ಅತ್ಯಂತ ಸುಂದರವಾಗಿ ಆಡಿ ಗೆದ್ದಾಗ ಸಭೆ ಚಪ್ಪಾಳೆ ತಟ್ಟಿತು. ಸೋತ ಸ್ಪಾಸ್ಕಿಯವರೂ ಆ ಚಪ್ಪಾಳೆಯಲ್ಲಿ ಕೈಗೂಡಿಸಿದರು. ಕೊನೆಗೆ ಹನ್ನೆರಡೂವರೆಗೆ ಎಂಟೂವರೆ ಅಂಕಗಳಿಂದ ಪ್ರಶಸ್ತಿ ಫಿಷರ್ ಅವರದಾಯಿತು. ಆದರೆ 1975ರಲ್ಲಿ ಅದನ್ನು ಉಳಿಸಿಕೊಳ್ಳಲು ಆಡಬೇಕಾಗಿ ಬಂದಾಗ, ತಮ್ಮ ಷರತ್ತುಗಳೆಲ್ಲ ಒಪ್ಪಿತವಾಗಲಿಲ್ಲವೆಂದು ಅವರು ಆಡಲೇ ಇಲ್ಲ. ಪ್ರಶಸ್ತಿ ಕಾರ್ಪೊವ್ ಅವರ ಪಾಲಾಯಿತು. ಫಿಷರ್ ಅವರ ಪ್ರತಿಭೆಗೆ ನಾವು ತಲೆಬಾಗಲೇಬೇಕು. ಆದರೂ ಮಕ್ಕಳ ಮುಂದೆ ಯಾರ ಚಿತ್ರವನ್ನು ಇರಿಸಬೇಕು ಎಂದರೆ, ಸೋತು ಚಪ್ಪಾಳೆ ತಟ್ಟಿದವರದನ್ನೆಂದು ನಮ್ಮ ಮನಸ್ಸು ಹೇಳುತ್ತದೆ.

ನಮ್ಮ ಕಾಲದ ನಿದರ್ಶನವನ್ನೇ ನೋಡಿರಿ. 2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಹದಿನೆಂಟರ ತರುಣ ಗುಕೇಶನು ಚೀನದ ಡಿಂಗ್ ಲಿರೆನ್ ಅವರನ್ನು ಸೋಲಿಸಿ ವಿಶ್ವವಿಜೇತನಾದನು. ಹದಿನಾಲ್ಕನೆಯ, ಕೊನೆಯ ಆಟ ಸಮವಾಗಿ ಮುಗಿಯುವುದೆಂದೇ ನೋಡುವವರು ಎಣಿಸಿದ್ದರು. ಐವತ್ತೈದನೆಯ ನಡೆಯಲ್ಲಿ ಡಿಂಗ್ ತಮ್ಮ ಆನೆಯನ್ನು ಇಡಬಾರದ ಮನೆಯಲ್ಲಿಟ್ಟರು. ಒಂದೇ ನಡೆಯಿಂದ ಪ್ರಶಸ್ತಿ ಕೈಬಿಟ್ಟಿತು. ಗೆದ್ದ ಹುಡುಗನು ಕಣ್ಣೀರು ಸುರಿಸುತ್ತಲೇ ಹಲಗೆಯ ಕಾಯಿಗಳನ್ನೆಲ್ಲ ಮತ್ತೆ ಮೊದಲಿನ ಮನೆಗಳಲ್ಲಿ ಜೋಡಿಸಿಟ್ಟು ಎದ್ದನು. ಸೋತ ಡಿಂಗ್ ಪತ್ರಿಕೆಯವರ ಮುಂದೆ ಕುಳಿತು, ಆ ವರ್ಷದ ತಮ್ಮ ಅತ್ಯುತ್ತಮ ಆಟವನ್ನು ಇಲ್ಲಿ ಆಡಿದ್ದಾಗಿಯೂ, ಹಿಂದಿನ ದಿನ ಅದೃಷ್ಟದಿಂದ ಉಳಿದುಕೊಂಡಿದ್ದುದನ್ನು ನೆನೆದರೆ ಈ ಸೋಲು ನ್ಯಾಯವೇ ಎಂದೂ, ತಮಗೆ ಪಶ್ಚಾತ್ತಾಪವಿಲ್ಲವೆಂದೂ ಹೇಳಿದರು. ಕುಮಟಾದ ನಮ್ಮ ಅಧ್ಯಾಪಕ ಮಿತ್ರರು ಮಗನನ್ನು ಗುಕೇಶನಂತೆ ಬೆಳೆಸಬೇಕೆಂದರಷ್ಟೆ. ಡಿಂಗ್ ಅವರಂತೆಯೂ ಬೆಳೆಸಬೇಕೆಂದು ನಾವು ಕೇಳಿಕೊಳ್ಳುತ್ತೇವೆ. ಏಕೆಂದರೆ ಗುಕೇಶನಾಗುವುದು ಕೋಟಿಗೊಬ್ಬನ ಪಾಲು. ಡಿಂಗ್ ಅವರ ಆ ಸಂಜೆ ಎಲ್ಲರ ಬಾಳಿನಲ್ಲಿಯೂ ಬರುತ್ತದೆ.

ವಿಶ್ವನಾಥನ್ ಆನಂದರ ಬಾಳೂ ಮನನೀಯವಾದುದು. 1988ರಲ್ಲಿ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದ ಅವರು 2000, 2007, 2008, 2010 ಮತ್ತು 2012ರಲ್ಲಿ, ಹೀಗೆ ಐದು ಬಾರಿ ವಿಶ್ವಪ್ರಶಸ್ತಿಯನ್ನು ಗೆದ್ದರು. 2013ರಲ್ಲಿ ತಾವು ಬೆಳೆದ ಚೆನ್ನೈ ನಗರದಲ್ಲೇ, ತಮ್ಮ ಜನರ ಕಣ್ಣೆದುರಿನಲ್ಲೇ, ಇಪ್ಪತ್ತೆರಡರ ತರುಣ ಕಾರ್ಲ್‌ಸನ್‌ಗೆ ಸೋತರು. ಅನಂತರ ಅವರು ಮೂಲೆ ಹಿಡಿಯಲಿಲ್ಲ. 2017ರಲ್ಲಿ ನಲವತ್ತೆಂಟರ ವಯಸ್ಸಿನಲ್ಲಿ ಶೀಘ್ರ ಚದುರಂಗದ ವಿಶ್ವವಿಜೇತರಾದರು. ಇದಕ್ಕಿಂತ ಹಿರಿದಾದ ಕಾರ್ಯವೆಂದರೆ, 2020ರಿಂದ ಅವರು ಗುಕೇಶ ಮೊದಲಾದ ಕಿರಿಯರಿಗೆ ಮಾರ್ಗದರ್ಶಕರಾಗಿ ನಿಂತುದು. ಭಾರತದ ಆಟಗಾರರಲ್ಲಿ ಮೂವತ್ತೇಳು ವರ್ಷ ತಮ್ಮದಾಗಿದ್ದ ಮೊದಲ ಸ್ಥಾನವನ್ನು 2023ರಲ್ಲಿ ಅದೇ ಗುಕೇಶನು ಏರಿದನು. ಮಗನಿಂದಲೂ ಶಿಷ್ಯನಿಂದಲೂ ಸೋಲನ್ನು ಬಯಸಬೇಕೆಂದು ನಮ್ಮ ಹಿರಿಯರು ಹೇಳುತ್ತ ಬಂದಿದ್ದಾರೆ. ಹೇಳುವುದು ಸುಲಭ, ತನ್ನ ಗದ್ದುಗೆಯನ್ನು ಏರಬಲ್ಲವನನ್ನು ತಾನೇ ಕೈಹಿಡಿದು ನಡೆಸುವುದು ಕಷ್ಟ. ಗದ್ದುಗೆಯ ಮೇಲೆ ಕುಳಿತಿರುವ ನಮ್ಮಂಥವರು ಇದನ್ನು ಎರಡು ಬಾರಿ ಯೋಚಿಸಬೇಕಾಗಿದೆ.

ಗೆಲುವು ಕೈಸೇರಿದ ಮೇಲೆ ಅದನ್ನು ಬಿಟ್ಟುಬಂದವರೂ ಇದ್ದಾರೆ. ಅಖಂಡ ಭಾರತದ ಪಂಜಾಬಿನಲ್ಲಿ ಹುಟ್ಟಿದ ಮೀರ್ ಸುಲ್ತಾನ ಖಾನರು ಸರ್ ಉಮರ್ ಹಯಾತ್ ಖಾನ್ ಎಂಬ ಜಮೀನ್ದಾರರ ಪರಿವಾರದಲ್ಲಿದ್ದವರು. ತಂದೆಯಿಂದ ದೇಶೀಯ ಕ್ರಮದ ಚದುರಂಗವನ್ನು ಕಲಿತಿದ್ದರು. ಯಜಮಾನರೊಡನೆ ಇಂಗ್ಲೆಂಡಿಗೆ ಹೋಗಿ 1929, 1932, 1933ರಲ್ಲಿ ಮೂರು ಬಾರಿ ಬ್ರಿಟಿಷ್ ಪ್ರಶಸ್ತಿಯನ್ನು ಗೆದ್ದರು. 1930-31ರ ಹೇಸ್ಟಿಂಗ್ಸ್ ಕೂಟದಲ್ಲಿ ಮಾಜಿ ವಿಶ್ವವಿಜೇತ ಕಾಪಾಬ್ಲಾಂಕಾರನ್ನೇ ಸೋಲಿಸಿದರು. ಅದೇ ಮನೆಯಲ್ಲಿ ಸೇವೆಯಲ್ಲಿದ್ದ ಫಾತಿಮಾ ಎಂಬ ಹೆಣ್ಣುಮಗಳು 1933ರಲ್ಲಿ ಬ್ರಿಟಿಷ್ ಮಹಿಳಾ ಪ್ರಶಸ್ತಿಯನ್ನು ಪಡೆದಳು. ಆ ವರ್ಷವೇ ಯಜಮಾನರು ಸ್ವದೇಶಕ್ಕೆ ಮರಳಿದಾಗ ಸುಲ್ತಾನ ಖಾನರೂ ಮರಳಿದರು. ಮತ್ತೆ ಆ ಲೋಕದ ಕಡೆಗೆ ತಿರುಗಲಿಲ್ಲ. ಹೊಲಮನೆ ನೋಡಿಕೊಂಡು 1966ರಲ್ಲಿ ತೀರಿಕೊಂಡರು. ತಮ್ಮ ಮಕ್ಕಳಿಗೆ ಅವರು ಆಟವನ್ನು ಕಲಿಸಲಿಲ್ಲವೆಂದೂ, ಬಾಳಿನಲ್ಲಿ ಇದಕ್ಕಿಂತ ಉಪಯುಕ್ತವಾದುದನ್ನು ಮಾಡಿರೆಂದು ಹೇಳುತ್ತಿದ್ದರೆಂದೂ ಅವರ ಮಗ ನೆನೆದುದುಂಟು. ವಿಶ್ವ ಚದುರಂಗ ಸಂಸ್ಥೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಪದವಿಯನ್ನು ಕೊಟ್ಟುದು 2024ರಲ್ಲಿ, ಅವರು ತೀರಿಕೊಂಡು ಐವತ್ತೆಂಟು ವರ್ಷಗಳ ಮೇಲೆ. ಪದವಿಯಿಲ್ಲದ ಆ ವರ್ಷಗಳಲ್ಲಿ ಅವರ ಆಟ ಕಡಿಮೆಯದಾಗಿತ್ತೆ? ಪದವಿ ಬಂದ ದಿನ ಅದು ಹೆಚ್ಚಾಯಿತೆ?

ದೂರದ ಮಾತೇಕೆ? ನಮ್ಮ ಕನ್ನಡ ನಾಡಿನಲ್ಲೇ ಮುಮ್ಮಡಿ ಕೃಷ್ಣರಾಜ ಒಡೆಯರು ಇದ್ದರು. 1831ರಲ್ಲಿ ಬ್ರಿಟಿಷರು ಮೈಸೂರಿನ ಆಡಳಿತವನ್ನು ಅವರಿಂದ ತೆಗೆದುಕೊಂಡರು. 1868ರಲ್ಲಿ ತೀರಿಕೊಳ್ಳುವ ತನಕ ಅದು ಅವರಿಗೆ ಮರಳಿ ಬರಲಿಲ್ಲ. ನಿಜವಾದ ಆನೆಕುದುರೆಗಳ ಅಧಿಕಾರ ಹೋದ ದೊರೆಯು ಹಲಗೆಯ ಕುದುರೆಯನ್ನು ಹಿಡಿದು ಕುಳಿತರು. ಕುದುರೆಯೊಂದು ತನ್ನ ವಕ್ರ ನಡೆಯಿಂದಲೇ ಅರುವತ್ತನಾಲ್ಕು ಮನೆಗಳನ್ನೂ ಒಂದೊಂದೇ ಬಾರಿ ಮುಟ್ಟಿ ಬರುವ ಬಗೆಗಳನ್ನು ಅವರು ರಚಿಸಿದರು. ಅವರ ಆಶ್ರಯದಲ್ಲಿ ಸಿದ್ಧವಾದ 'ಶ್ರೀತತ್ತ್ವನಿಧಿ'ಯಲ್ಲಿ ಆಟಗಳಿಗಾಗಿಯೇ 'ಕೌತುಕನಿಧಿ' ಎಂಬ ಭಾಗವಿದೆ. ಈ ಕುದುರೆಯ ಆಟದ ವಿಶೇಷವೇನೆಂದರೆ ಅದರಲ್ಲಿ ಎದುರಾಳಿಯೇ ಇಲ್ಲ. ಸಾಧಿಸಿದವನಿಗೆ ಆನಂದವುಂಟು, ಅದಕ್ಕಾಗಿ ಯಾರೂ ಸೋಲಬೇಕಾಗಿಲ್ಲ.

ಅದೇ ಮೈಸೂರಿನ ತೇಜಕುಮಾರ್ ಅವರು 2017ರಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ರೈಲ್ವೆ ಇಲಾಖೆಯ ನೌಕರರಾದ ಅವರಿಗೆ ಆಗ ಮೂವತ್ತೈದು ದಾಟಿತ್ತು. ಗುಕೇಶನಿಗೆ ಅದೇ ಪದವಿ 2019ರಲ್ಲಿ ಹನ್ನೆರಡು ವರ್ಷ ಏಳು ತಿಂಗಳಿನಲ್ಲಿ ದೊರೆಯಿತು. ಪತ್ರಿಕೆಗಳು ಎಳೆಯ ವಯಸ್ಸನ್ನು ಕೊಂಡಾಡುತ್ತವೆ, ಅದು ಸಹಜ. ಆದರೆ ಕೈಗೆಟುಕದ ಒಂದು ಪದವಿಗಾಗಿ, ನೌಕರಿ ಸಂಸಾರಗಳ ನಡುವೆ, ವರ್ಷವರ್ಷವೂ ಮತ್ತೆ ಹಲಗೆಯ ಮುಂದೆ ಕುಳಿತ ತಾಳ್ಮೆಗೆ ಯಾವ ಪ್ರಶಸ್ತಿಯಿದೆ? ಅದನ್ನು ನಮ್ಮ ಶರಣರು ಕಾಯಕವೆಂದು ಕರೆದಾರು.

ಇಷ್ಟು ಓದಿದವರು ಒಂದು ಆಕ್ಷೇಪವನ್ನು ಎತ್ತಬಹುದು. "ಗೆಲುವೆಂಬುದು ಅಷ್ಟು ಹಗುರವಾದುದಾದರೆ ಮಕ್ಕಳು ಆಡುವುದಾದರೂ ಏಕೆ? ಗೆಲ್ಲುವ ಆಸೆಯಿಲ್ಲದವನು ಬೆಳಗಿನ ಐದು ಗಂಟೆಗೆ ಎದ್ದು ಅಭ್ಯಾಸ ಮಾಡುವನೆ?" ಈ ಆಕ್ಷೇಪ ಸಾಧುವಾದುದು. ಗೆಲ್ಲಲೆಂದೇ ಆಡಬೇಕು, ಅದು ಎದುರಾಳಿಗೆ ನಾವು ಸಲ್ಲಿಸುವ ಗೌರವ. ಬೇಕೆಂದೇ ಸೋಲುವವನು ಎದುರಿಗಿರುವವನನ್ನು ಅವಮಾನಿಸುತ್ತಾನೆ.

ಇದನ್ನು ಹೊನ್ನಾವರದ ಸೀಮೆಯ ಜನಕ್ಕೆ ನಾವು ಹೇಳಿಕೊಡಬೇಕಾಗಿಲ್ಲ. ಕೆರೆಮನೆ ಶಿವರಾಮ ಹೆಗಡೆಯವರು 1934ರಲ್ಲಿ ಇಡಗುಂಜಿ ಮೇಳವನ್ನು ಕಟ್ಟಿದ ನೆಲ ಅದು. ಯಕ್ಷಗಾನ ಅಲ್ಲಿಯವರ ಉಸಿರು. ವೇಷವಿಲ್ಲದೆ ಮಾತಿನಲ್ಲೇ ಕಟ್ಟುವ ತಾಳಮದ್ದಳೆಯನ್ನು ನೀವು ಕೇಳಿರಬಹುದು. ಇಬ್ಬರು ಅರ್ಥಧಾರಿಗಳು ಎದುರುಬದುರು ಕೂಡುತ್ತಾರೆ. ಕರ್ಣನು ಮಡಿಯುವನೆಂದು ಭಾಗವತರಿಗೆ ಗೊತ್ತು, ಸಭೆಗೆ ಗೊತ್ತು, ಕರ್ಣನ ಅರ್ಥ ಹೇಳುವವರಿಗೂ ಗೊತ್ತು. ಹಾಗೆಂದು ಅವರು ವಾದದಲ್ಲಿ ಒಂದು ಎಳೆಯನ್ನಾದರೂ ಸಡಿಲ ಬಿಡುವರೇ? ಬಿಟ್ಟರೆ ಅರ್ಜುನನ ಅರ್ಥಧಾರಿಯ ಮಾತೂ ಸಪ್ಪೆಯಾಗುತ್ತದೆ. ಸೋಲುವ ಪಾತ್ರವನ್ನು ಪೂರ್ಣ ಬಲದಿಂದ ನಿರ್ವಹಿಸಿದವರನ್ನು ಬೆಳಗಿನ ಜಾವ ಜನ ಕೊಂಡಾಡುತ್ತ ಮನೆಗೆ ಹೋಗುತ್ತಾರೆ. ಚದುರಂಗದಲ್ಲಿ ಕಥೆಯ ಕೊನೆ ಮೊದಲೇ ತಿಳಿದಿರುವುದಿಲ್ಲ, ಅಷ್ಟೇ ವ್ಯತ್ಯಾಸ.

ಹಾಗಾದರೆ ತಪ್ಪಿರುವುದು ಎಲ್ಲಿ? ಗೆಲ್ಲಬೇಕೆಂದು ಆಡುವುದರಲ್ಲಿ ತಪ್ಪಿಲ್ಲ. ಗೆಲುವನ್ನು ಹಲಗೆಯ ಹೊರಗಿನಿಂದ ತರಲು ಬಯಸುವುದರಲ್ಲಿದೆ. 1997ರಲ್ಲಿ ವಿಶ್ವವಿಜೇತ ಕಾಸ್ಪರೋವ್ ಅವರು 'ಡೀಪ್ ಬ್ಲೂ' ಎಂಬ ಗಣಕಯಂತ್ರಕ್ಕೆ ಸೋತರು. ಆಗ ಅವರು ಎದುರು ಪಕ್ಷದವರನ್ನು ಶಂಕಿಸಿದರು. ಇಪ್ಪತ್ತು ವರ್ಷಗಳ ಅನಂತರ, 2017ರಲ್ಲಿ ಬರೆದ ಪುಸ್ತಕದಲ್ಲಿ ತಮ್ಮ ಅಂದಿನ ನಿಲುವನ್ನು ತಾವೇ ಮತ್ತೆ ಪರೀಕ್ಷಿಸಿಕೊಂಡರು. ಇಂದು ಜೇಬಿನಲ್ಲಿರುವ ಮೊಬೈಲು ಫೋನೂ ಯಾವ ವಿಶ್ವವಿಜೇತನಿಗಿಂತಲೂ ಚೆನ್ನಾಗಿ ಆಡಬಲ್ಲುದು. 2019ರಲ್ಲಿ ಫ್ರಾನ್ಸಿನ ಸ್ಟ್ರಾಸ್‌ಬರ್ಗಿನಲ್ಲಿ ಅರುವತ್ತರ ಸಮೀಪದ ಗ್ರ್ಯಾಂಡ್‌ಮಾಸ್ಟರೊಬ್ಬನು ಶೌಚಾಲಯದಲ್ಲಿ ಕುಳಿತು ಫೋನು ನೋಡಿ ಸಿಕ್ಕಿಬಿದ್ದನು. ಜೀವಮಾನದ ಪದವಿಯನ್ನು ಕಳೆದುಕೊಂಡನು. ನಾವು ಅವನನ್ನು ಹಳಿಯುತ್ತೇವೆ. ಆದರೆ ಗುರುವಿನ ಬಳಿಗೆ ಬಂದು, 'ನನ್ನ ಬುದ್ಧಿಯಿಂದ ಆಗದುದನ್ನು ನಿಮ್ಮ ಮಾತಿನಿಂದ ಮಾಡಿಸಿಕೊಡಿ' ಎನ್ನುವವನು ಗುರುವನ್ನೂ ಅಂತಹ ಒಂದು ಯಂತ್ರವಾಗಿಸಲು ಹೊರಟಿಲ್ಲವೇ? ಅದಕ್ಕೆ 'ಜಯವಾಗಲಿ' ಎಂದ ಗುರುವಿನ ತಪ್ಪು ಇನ್ನೂ ದೊಡ್ಡದು.

ಮುಂದೆ ನಡೆದುದನ್ನು ಹೇಳುತ್ತೇವೆ. ಪ್ರವಚನ ಮುಗಿಸಿ ಭಟ್ಕಳಕ್ಕೆ ಹೊರಟವರು ದಾರಿಯಲ್ಲಿ ಹೊನ್ನಾವರದ ಆ ಸ್ಪರ್ಧೆಯ ಸ್ಥಳದಲ್ಲಿ ಸ್ವಲ್ಪ ಹೊತ್ತು ನಿಂತೆವು. ಹುಡುಗಿ ಹೇಳಿದಂತೆಯೇ ಆಗಿತ್ತು: ಅವರಿಬ್ಬರೇ ಎದುರಾಗಿದ್ದರು. 'ಜಯವಾಗಲಿ' ಎಂಬ ಮಾತನ್ನು ಪಡೆದ ಹುಡುಗ ಸೋತಿದ್ದನು. ಬರಿಯ ಹಣ್ಣನ್ನು ಪಡೆದ ಹುಡುಗಿ ಗೆದ್ದಿದ್ದಳು. ಹುಡುಗನು ಕೆಂಪಾದ ಕಣ್ಣುಗಳಿಂದ, "ಗಡಿಯಾರ ಸರಿಯಾಗಿರಲಿಲ್ಲ, ಅಪ್ಪಾ" ಎನ್ನುತ್ತಿದ್ದನು. ತಂದೆ ತೀರ್ಪುಗಾರರೊಡನೆ ವಾದಕ್ಕೆ ನಿಂತಿದ್ದರು. ನಮ್ಮನ್ನು ಕಂಡು, "ಅಜ್ಜಾವರೇ, ನೀವಾದರೂ ಹೇಳಿರಿ" ಎಂದರು. ಗಡಿಯಾರದಲ್ಲಿ ದೋಷವಿಲ್ಲವೆಂಬುದು ಹುಡುಗನ ಮುಖದಲ್ಲೇ ಬರೆದಿತ್ತು. ಮೃದುವಾಗಿ ಒಂದು ಮಾತು ಹೇಳಿ ತಿದ್ದಬಹುದಾಗಿತ್ತು. ಆದರೆ ನಮ್ಮ ನಾಲಗೆ ಏಳಲಿಲ್ಲ. ಕೈಮುಗಿದು ಕಾರನ್ನು ಹತ್ತಿದೆವು. ಶರಾವತಿಯ ಸೇತುವೆಯನ್ನು ದಾಟುವಾಗ ಸಂಗಡಿಗರು ಏನೋ ಕೇಳಿದರು, ಉತ್ತರಿಸಲಾಗಲಿಲ್ಲ.

ತಿಂಗಳೊಂದು ಕಳೆದ ಮೇಲೆ ಆ ಹುಡುಗನಿಂದ ಮಠಕ್ಕೆ ಒಂದು ಕಾಗದ ಬಂದಿತು. ತಾನು ಬರೆದಿಟ್ಟ ಹಾಳೆಯನ್ನು ಮುಂದಿಟ್ಟುಕೊಂಡು ಆ ಆಟವನ್ನು ಮತ್ತೆ ಆಡಿ ನೋಡಿದನಂತೆ. "ನನ್ನ ಇಪ್ಪತ್ತಮೂರನೆಯ ನಡೆ ತಪ್ಪು. ಕುದುರೆಯನ್ನು ಅಲ್ಲಿಗೆ ತರಬಾರದಾಗಿತ್ತು. ಗಡಿಯಾರ ಸರಿಯಾಗಿಯೇ ಇತ್ತು" ಎಂದು ಬರೆದಿದ್ದನು. ಗುರು ಹೇಳಲಾರದೆ ಹೋದುದನ್ನು ಹಾಳೆಯ ಮೇಲಿನ ಅವನ ಅಕ್ಷರಗಳೇ ಅವನಿಗೆ ಹೇಳಿದ್ದುವು. ಇಂದು ಆ ಇಬ್ಬರು ಮಕ್ಕಳೂ ಮತ್ತೆ ಬಂದು ನಿಂತರೆ ನಾವು ಅನ್ನಬಹುದಾದುದು ಇಷ್ಟೇ: ನಿಮ್ಮ ಪೂರ್ಣ ಬಲದಿಂದ ಆಡಿರಿ, ಗೆದ್ದರೆ ಕಾಯಿಗಳನ್ನು ಜೋಡಿಸಿಟ್ಟು ಏಳಿರಿ, ಸೋತರೆ 'ಸೋತೆ' ಎನ್ನುವ ಶಕ್ತಿ ನಿಮಗಿರಲಿ. ಈ ಆಶೀರ್ವಾದವನ್ನು ಇಬ್ಬರಿಗೂ ಒಟ್ಟಿಗೆ ಕೊಡಬಹುದು. ಇಬ್ಬರಿಗೂ ಒಟ್ಟಿಗೆ ಕೊಡಲಾಗದ ಆಶೀರ್ವಾದ ಗುರುವಿನ ಬಾಯಿಂದ ಬರತಕ್ಕುದಲ್ಲ.

ಅಂದು ನಾಲಗೆ ಏಳದಿದ್ದುದಕ್ಕೆ ಕಾರಣವನ್ನೂ ಹೇಳಿ ಮುಗಿಸುತ್ತೇವೆ. ನಾವು ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದಾಗ ಮಠದ ಪ್ರಸಾದನಿಲಯದಲ್ಲೇ ಇದ್ದೆವು. ರಾತ್ರಿಯ ಪ್ರಸಾದವಾದ ಮೇಲೆ ಪಡಸಾಲೆಯಲ್ಲಿ ಚದುರಂಗ ನಡೆಯುತ್ತಿತ್ತು. ಅಲ್ಲಿ ನಮ್ಮನ್ನು ಸೋಲಿಸಿದವರಿರಲಿಲ್ಲ. ಒಂದು ರಾತ್ರಿ, ಆ ವರ್ಷವೇ ಹಳ್ಳಿಯಿಂದ ಬಂದು ಸೇರಿದ್ದ ಕಿರಿಯ ವಿದ್ಯಾರ್ಥಿಯೊಬ್ಬರು ನಮ್ಮನ್ನು ಸೋಲಿಸಿದರು. ನಾವು ಕಾಯಿಗಳನ್ನು ಕೈಯಿಂದ ಸರಿಸಿ, "ತಲೆನೋವಿತ್ತು, ನೋಡಿ ಆಡಲಾಗಲಿಲ್ಲ" ಎಂದೆವು. ಮರುದಿನ ನಿಲಯದವರೆಲ್ಲ ಅದನ್ನೇ ನಂಬಿದರು. ಆ ಹುಡುಗನ ಗೆಲುವನ್ನು ಯಾರೂ ಗೆಲುವೆಂದು ಎಣಿಸಲಿಲ್ಲ. ಅವರು ಮತ್ತೆ ಪಡಸಾಲೆಯ ಕಡೆಗೆ ಬರಲಿಲ್ಲ. ಮೂವತ್ತು ವರ್ಷಗಳಿಗೆ ಮೇಲಾಯಿತು. ಈ ಪತ್ರಿಕೆ ನಮ್ಮ ಹಳೆಯ ವಿದ್ಯಾರ್ಥಿಗಳ ಮನೆಗಳಿಗೆಲ್ಲ ಹೋಗುತ್ತದೆ. ಆ ಮಿತ್ರರು ಇದನ್ನು ಓದುತ್ತಿದ್ದರೆ ಅವರಿಗೆ ನಮ್ಮ ಒಂದು ಮಾತಿದೆ: ಅಂದು ನಮಗೆ ತಲೆನೋವು ಇರಲಿಲ್ಲ. ನೀವು ಗೆದ್ದಿರಿ, ನಾವು ಸೋತೆವು.